ಅಮರ್ಜಾ–ಭೀಮೆಯರ ದಾರಿಯಲ್ಲಿ ಹಾಡುವ ಮೇಳಗಳು

೧

ಕನ್ನಡ ಸಾಹಿತ್ಯದ ಚರಿತ್ರೆಯನ್ನು ಬರೆಯುವವರು ಕವಿ, ಕಾಲ, ಆಶ್ರಯ, ಗ್ರಂಥ ಎಂಬ ನಾಲ್ಕನ್ನು ಮೊದಲು ನಿರ್ಣಯಿಸಿಕೊಳ್ಳುವುದು ವಾಡಿಕೆಯಾಗಿದೆ. ಓಲೆಯ ಕಟ್ಟಿನಲ್ಲಿ ನಿಂತ ಕಾವ್ಯಕ್ಕೆ ಈ ಕ್ರಮವು ಸಾಕಾಗುತ್ತದೆ. ಆದರೆ ಓಲೆಯನ್ನು ನೆಚ್ಚದೆ ಕಂಠವನ್ನೂ ಕಾಲನ್ನೂ ನೆಚ್ಚಿ ಬದುಕಿದ ಸಾಹಿತ್ಯವೊಂದುಂಟು. ಅದರ ವಿಷಯದಲ್ಲಿ ಐದನೆಯ ಪ್ರಶ್ನೆಯೊಂದನ್ನು ಕೇಳದೆ ನಿರ್ವಾಹವಿಲ್ಲ: ಅದು ಯಾವ ದಾರಿಯಲ್ಲಿ ನಡೆಯಿತು, ಯಾರು ಅದನ್ನು ಹೊತ್ತು ನಡೆದರು ಎಂಬುದೇ ಆ ಪ್ರಶ್ನೆ. ಕಲಬುರ್ಗಿ ಸೀಮೆಯ ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳು ಈ ಪ್ರಶ್ನೆಗೆ ಉತ್ತರವನ್ನು ಹುಡುಕುವುದಕ್ಕೆ ತಕ್ಕ ನೆಲವಾಗಿವೆ.

ಈ ಮೂರು ತಾಲ್ಲೂಕುಗಳನ್ನು ಒಂದೇ ನೀರಿನ ದಾರಿಯು ಹೆಣೆದಿದೆ. ಅಮರ್ಜಾ ನದಿಯು ಆಳಂದದ ನೆಲದಲ್ಲಿ ಹರಿದು ಬಂದು ಅಫಜಲಪುರ ತಾಲ್ಲೂಕಿನ ಗಾಣಗಾಪುರದ ಬಳಿ ಭೀಮೆಯನ್ನು ಕೂಡುತ್ತದೆ. ಪಂಢರಪುರದ ಪಾದವನ್ನು ತೊಳೆದು ಬಂದ ಭೀಮೆಯು ಘತ್ತರಗಿಯನ್ನು ದಾಟಿ ಜೇವರ್ಗಿಯ ಸೀಮೆಯನ್ನು ಸೇರಿ ಮುಂದೆ ಕೃಷ್ಣೆಯ ಕಡೆಗೆ ಸಾಗುತ್ತದೆ. ವಿಠ್ಠಲನ ದಿಂಡಿಗಳೂ ದತ್ತನ ಯಾತ್ರಿಕರೂ ಮಹಾಂತನ ಭಜನೆಯವರೂ ಪೀರರ ಉರುಸಿಗೆ ಹೋಗುವವರೂ ಶತಮಾನಗಳಿಂದ ಈ ನೀರಿನ ಇಕ್ಕೆಲದಲ್ಲಿಯೇ ನಡೆದಿದ್ದಾರೆ. ಮೇಳದ ಸಂಚಾರವು ಹೊಟ್ಟೆಯ ಪಾಡಿಗಾಗಿ ನಡೆದ ಅಲೆದಾಟವೆಂದೂ, ಆ ಅಲೆದಾಟದಲ್ಲಿ ಹಾಡುಗಳು ಕೆಟ್ಟುಹೋದವೆಂದೂ ಸಾಮಾನ್ಯವಾಗಿ ಭಾವಿಸುವುದುಂಟು. ಇದಕ್ಕೆ ವಿರುದ್ಧವಾಗಿ, ಈ ಸೀಮೆಯಲ್ಲಿ ದಾರಿಯೇ ಶಾಲೆಯೂ ಭಂಡಾರವೂ ಆಗಿದ್ದಿತು ಎಂಬುದನ್ನು ತೋರಿಸುವುದು ಪ್ರಸ್ತುತ ಲೇಖನದ ಉದ್ದೇಶವಾಗಿದೆ.

೨

ಸಂಚಾರಿ ಗಾಯಕರ ವೃತ್ತಾಂತವು ಭಾರತೀಯ ವಾಙ್ಮಯದಲ್ಲಿ ಬಹು ಪುರಾತನವಾದುದು. ಆದಿಕಾವ್ಯವೇ ತನ್ನ ಪ್ರಥಮ ಪ್ರಚಾರವನ್ನು ಇಬ್ಬರು ಸಂಚಾರಿ ಗಾಯಕರಿಗೆ ಒಪ್ಪಿಸಿದೆ. ವಾಲ್ಮೀಕಿಯಿಂದ ಕಲಿತ ಕುಶಲವರು ಋಷಿಗಳ ಗೋಷ್ಠಿಯಲ್ಲಿಯೂ ಬೀದಿಯಲ್ಲಿಯೂ ರಾಜಮಾರ್ಗದಲ್ಲಿಯೂ ಹಾಡಿದ ಬಳಿಕವೇ ರಾಮನ ಸಭೆಗೆ ಬಂದರು ಎಂದು ಬಾಲಕಾಂಡವು ಹೇಳುತ್ತದೆ. ಕುಶೀಲವ ಎಂಬ ಶಬ್ದವು ಶಾಸ್ತ್ರಗ್ರಂಥಗಳಲ್ಲಿ ಹಾಡಿ ಆಡಿ ಬದುಕುವ ವರ್ಗಕ್ಕೆ ವಾಚಕವಾಗಿದೆ. ವೇದದ ಶಾಖಾಧ್ಯಾಯಿಗಳ ಸಮೂಹಕ್ಕೆ ಚರಣವೆಂದೂ ಊರೂರು ತಿರುಗುವ ಸ್ತುತಿಪಾಠಕನಿಗೆ ಚಾರಣನೆಂದೂ ಹೆಸರಿರುವುದು ಗಮನಿಸತಕ್ಕುದು. ನಡೆಯುವುದು ಎಂಬರ್ಥದ ಒಂದೇ ಧಾತುವಿನಿಂದ ವಿದ್ಯೆಯ ಶಾಖೆಯೂ ಗಾಯಕನ ವೃತ್ತಿಯೂ ಹೆಸರನ್ನು ಪಡೆದಿವೆ.

ಮೈಸೂರಿನ ಆರ್. ಶಾಮಶಾಸ್ತ್ರಿಗಳು ೧೯೦೯ರಲ್ಲಿ ಪ್ರಕಟಿಸಿದ ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಇಂತಹ ಮೇಳಗಳ ವಿಷಯವಾಗಿ ಮೂರು ನಿಯಮಗಳು ದೊರೆಯುತ್ತವೆ. ಹೊಸದಾಗಿ ನೆಲೆಗೊಂಡ ಹಳ್ಳಿಗಳಲ್ಲಿ ನಟಗಾಯಕರು ಒಕ್ಕಲಿಗರ ಕೆಲಸಕ್ಕೆ ವಿಘ್ನವನ್ನುಂಟುಮಾಡಬಾರದೆಂಬುದು ಒಂದು. ಪರಸ್ಥಳದಿಂದ ಬಂದ ಮೇಳವು ಪ್ರದರ್ಶನಕ್ಕಾಗಿ ಐದು ಪಣಗಳ ತೆರಿಗೆಯನ್ನು ಕೊಡಬೇಕೆಂಬುದು ಎರಡನೆಯದು. ಮಳೆಗಾಲದಲ್ಲಿ ಕುಶೀಲವರು ಒಂದೇ ಸ್ಥಳದಲ್ಲಿ ವಾಸಮಾಡಬೇಕೆಂಬುದು ಮೂರನೆಯದು. ಬೆಳೆ, ಸುಂಕ, ಮಳೆ ಎಂಬ ಈ ಮೂರು ಕಟ್ಟುಗಳೇ ಎರಡು ಸಾವಿರ ವರ್ಷಗಳ ತರುವಾಯವೂ ಭೀಮಾತೀರದ ಮೇಳಗಳ ಬಾಳನ್ನು ಆಳಿದವೆಂಬುದು ಮುಂದೆ ವಿಶದವಾಗುವುದು.

ಕಲಬುರ್ಗಿಯ ಸುತ್ತಣ ನೆಲಕ್ಕೆ ಗೇಯಸಾಹಿತ್ಯವು ಹೊಸದಲ್ಲ. ಇಲ್ಲಿಗೆ ಪೂರ್ವದಲ್ಲಿರುವ ಮಳಖೇಡವೇ ರಾಷ್ಟ್ರಕೂಟರ ಮಾನ್ಯಖೇಟ. ಒಂಬತ್ತನೆಯ ಶತಮಾನದಲ್ಲಿ ಅಲ್ಲಿ ಹುಟ್ಟಿದ ಕವಿರಾಜಮಾರ್ಗವು ಚತ್ತಾಣ, ಬೆದಂಡೆ ಎಂಬ ದೇಶ್ಯ ಕಾವ್ಯಪ್ರಕಾರಗಳನ್ನು ಹೆಸರಿಸುತ್ತದೆ. ಆಳಂದಕ್ಕೆ ಈಶಾನ್ಯದಲ್ಲಿರುವ ಕಲ್ಯಾಣದಲ್ಲಿ ೧೧೨೬ರಿಂದ ೧೧೩೮ರ ವರೆಗೆ ಆಳಿದ ಚಾಲುಕ್ಯ ಮೂರನೆಯ ಸೋಮೇಶ್ವರನು ತನ್ನ ಮಾನಸೋಲ್ಲಾಸದಲ್ಲಿ ಅರಸನ ವಿನೋದಗಳನ್ನು ವರ್ಣಿಸುವಾಗ ದೇಶಭಾಷೆಗಳ ಹಾಡುಗಳಿಗೂ ಎಡೆಗೊಟ್ಟಿದ್ದಾನೆ. ಹದಿಮೂರನೆಯ ಶತಮಾನದ ಪಾಲ್ಕುರಿಕೆ ಸೋಮನಾಥನ ಪಂಡಿತಾರಾಧ್ಯ ಚರಿತ್ರವು ತೆಲುಗಿನ ಗ್ರಂಥವಾದರೂ ಶ್ರೀಶೈಲಕ್ಕೆ ನಡೆಯುವ ಭಕ್ತರ ಹಾಡು ಕುಣಿತಗಳನ್ನು ವಿಸ್ತಾರವಾಗಿ ವರ್ಣಿಸುತ್ತದೆ. ಉತ್ತರ ಕರ್ನಾಟಕದ ಹಳ್ಳಿಗಳಿಂದ ಯುಗಾದಿಯ ಹೊತ್ತಿಗೆ ಮಲ್ಲಯ್ಯನ ಕಂಬಿಯನ್ನು ಹೊತ್ತು ಇಂದಿಗೂ ನಡೆಯುವವರು ಆ ಪರಂಪರೆಯ ವಾರಸುದಾರರೇ ಆಗಿದ್ದಾರೆ.

೩

ಈ ಸೀಮೆಯಲ್ಲಿ ಸಂಚರಿಸಿದ ಮೇಳಗಳನ್ನು ಸ್ಥೂಲವಾಗಿ ಮೂರು ವರ್ಗಗಳಾಗಿ ವಿಂಗಡಿಸಬಹುದು.

ಮೊದಲನೆಯದು ಭಜನೆಯ ಮೇಳ. ಏಕತಾರಿ, ತಾಳ, ದಮ್ಮಡಿ ಇವು ಅದರ ಹಳೆಯ ವಾದ್ಯಗಳು. ಪೇಟಿ ತಬಲಗಳು ಆಮೇಲೆ ಬಂದು ಸೇರಿದವು. ಮುಂದೆ ಹಾಡುವವನೊಬ್ಬನು, ಪಲ್ಲವಿಯನ್ನು ಹಿಡಿದು ಎತ್ತಿಕೊಡುವ ಹಿಮ್ಮೇಳದವರು ಕೆಲವರು. ಇವರ ಮುಖ್ಯವಾದ ಸಂಪತ್ತು ತತ್ತ್ವಪದ. ಅಫಜಲಪುರ ತಾಲ್ಲೂಕಿನ ಬಿದನೂರಿನಲ್ಲಿ ಹುಟ್ಟಿ, ಜೇವರ್ಗಿಯ ಸೀಮೆಗೆ ಸೇರಿದ್ದ ಕಡಕೋಳದಲ್ಲಿ ನೆಲೆನಿಂತ ಮಡಿವಾಳಪ್ಪನವರು ಈ ಪರಂಪರೆಯ ಮಹಾಪುರುಷರು. ಅವರ ಕಾಲವು ಹದಿನೆಂಟನೆಯ ಶತಮಾನದ ಕೊನೆಯಿಂದ ಹತ್ತೊಂಬತ್ತನೆಯ ಶತಮಾನದ ನಡುವಿನ ವರೆಗೆ ವ್ಯಾಪಿಸಿದೆ. ಕಡಕೋಳವು ಈಗ ಜೇವರ್ಗಿಯಿಂದ ಬೇರ್ಪಟ್ಟ ಯಡ್ರಾಮಿ ತಾಲ್ಲೂಕಿನಲ್ಲಿದೆ. ಶಿಷ್ಯರಲ್ಲಿ ಚೆನ್ನೂರ ಜಲಾಲಸಾಹೇಬರೂ ಖೈನೂರ ಕೃಷ್ಣಪ್ಪನವರೂ ಪ್ರಸಿದ್ಧರು. ಗುರುವಿನ ಹೆಸರಿಗೂ ಶಿಷ್ಯರ ಹೆಸರಿಗೂ ಊರಿನ ಹೆಸರು ಅಂಟಿಕೊಂಡಿರುವುದನ್ನು ನೋಡಬೇಕು. ತನ್ನ ಊರಿನಲ್ಲಿಯೇ ಇರುವವನಿಗೆ ಊರಿನ ಹೆಸರು ಬೇಕಾಗುವುದಿಲ್ಲ. ಪರಸ್ಥಳಕ್ಕೆ ಹೋದಾಗಲೇ ಅವನು ಕಡಕೋಳದವನೋ ಚೆನ್ನೂರಿನವನೋ ಆಗುತ್ತಾನೆ. ಆದುದರಿಂದ ಈ ಹೆಸರುಗಳೇ ಪದಗಳ ಸಂಚಾರಕ್ಕೆ ಸಾಕ್ಷಿಗಳಾಗಿವೆ.

ಎರಡನೆಯದು ಗೀಗೀ ಮತ್ತು ಲಾವಣಿಯ ಮೇಳ. ದಪ್ಪು, ತುಂತುಣಿ, ತಾಳಗಳೊಡನೆ ನಿಂತು ಹಾಡುವ ಈ ಮೇಳಗಳು ಹರದೇಶಿ, ನಾಗೇಶಿ ಎಂದು ಎರಡು ಪಕ್ಷಗಳಾಗಿ ವಾದ ಹೂಡುತ್ತವೆ. ಒಂದು ಪಕ್ಷವು ಪುರುಷತತ್ತ್ವವನ್ನು ಹಿರಿದೆಂದರೆ ಇನ್ನೊಂದು ಶಕ್ತಿತತ್ತ್ವವನ್ನು ಹಿರಿದೆನ್ನುತ್ತದೆ. ರಾತ್ರಿಯೆಲ್ಲಾ ನಡೆಯುವ ಈ ಸವಾಲು ಜವಾಬುಗಳಲ್ಲಿ ಪುರಾಣದ ಜ್ಞಾನವಿಲ್ಲದವನು ಬೆಳಗಿನ ವರೆಗೆ ನಿಲ್ಲಲಾರನು. ಭೀಮೆಯ ಆಚೆಯ ಇಂಡಿ ಸೀಮೆಯ ಹಲಸಂಗಿಯು ಲಾವಣಿಕಾರ ಖಾಜಾಭಾಯಿಯಿಂದ ಖ್ಯಾತವಾಯಿತು. ಅಲಾವಿಯ ಹಬ್ಬದಲ್ಲಿ ಹೆಜ್ಜೆ ಹಾಕುತ್ತ ಹಾಡುವ ರಿವಾಯತದ ಮೇಳಗಳನ್ನೂ ಈ ವರ್ಗದಲ್ಲಿಯೇ ಸೇರಿಸಬಹುದು. ಕರ್ಬಲದ ಕಥೆಯನ್ನು ಕನ್ನಡದಲ್ಲಿ ಹಾಡುವ ಈ ಮೇಳಗಳಲ್ಲಿ ಹಿಂದೂಗಳೂ ಮುಸಲ್ಮಾನರೂ ಕೂಡಿಯೇ ಇರುತ್ತಾರೆ.

ಮೂರನೆಯದು ಸಂಗೀತ ನಾಟಕ ಮಂಡಳಿ. ಇದು ಮೇಲಿನ ಎರಡಕ್ಕಿಂತ ಈಚಿನದು. ಉತ್ತರ ಕನ್ನಡದ ಕರ್ಕಿಯ ಯಕ್ಷಗಾನ ಮೇಳವು ಸಾಂಗ್ಲಿಗೆ ಹೋಗಿ ಆಡಿದುದನ್ನು ನೋಡಿದ ಮೇಲೆ ವಿಷ್ಣುದಾಸ ಭಾವೆಯವರು ೧೮೪೩ರಲ್ಲಿ ಸೀತಾಸ್ವಯಂವರವನ್ನು ಆಡಿಸಿದರೆಂಬುದೂ, ಬೆಳಗಾವಿ ಸೀಮೆಯ ಗುರ್ಲಹೊಸೂರಿನಲ್ಲಿ ಹುಟ್ಟಿದ ಅಣ್ಣಾಸಾಹೇಬ ಕಿರ್ಲೋಸ್ಕರರು ೧೮೮೦ರಲ್ಲಿ ಸಂಗೀತ ಶಾಕುಂತಲವನ್ನು ರಂಗಕ್ಕೆ ತಂದರೆಂಬುದೂ ಪ್ರಸಿದ್ಧವೇ ಆಗಿದೆ. ೧೮೭೦ರ ದಶಕದಲ್ಲಿ ಗದಗಿನಲ್ಲಿ ಶಾಂತಕವಿಗಳು ಕೃತಪುರ ನಾಟಕ ಮಂಡಳಿಯನ್ನು ಕಟ್ಟಿ ಕನ್ನಡಕ್ಕೆ ವೃತ್ತಿರಂಗಭೂಮಿಯ ದಾರಿಯನ್ನು ತೆರೆದರು. ಹೀಗೆ ಕನ್ನಡದ ಮೇಳವೊಂದರ ಸಂಚಾರದಿಂದ ಮರಾಠಿಯ ರಂಗಭೂಮಿಯು ಪ್ರೇರಿತವಾಯಿತು. ಮರಾಠಿಯ ಮಂಡಳಿಗಳ ಸಂಚಾರದಿಂದ ಕನ್ನಡದ ರಂಗಭೂಮಿಯು ಮತ್ತೆ ಪ್ರೇರಿತವಾಯಿತು. ಕೊಟ್ಟವರು ಯಾರು, ಕೊಂಡವರು ಯಾರು ಎಂಬ ಜಗಳಕ್ಕೆ ಇಲ್ಲಿ ಅವಕಾಶವಿಲ್ಲ.

೪

ಇನ್ನು ದಾರಿಯ ಬಾಳನ್ನು ವಿಚಾರಿಸೋಣ. ಮೇಳದ ವರ್ಷಕ್ಕೂ ಪಂಚಾಂಗದ ವರ್ಷಕ್ಕೂ ಹೊಂದಿಕೆಯಿದ್ದುದು ಬೆಳೆಯ ಮೂಲಕ. ಭೀಮಾತೀರವು ಎರೆಯ ನೆಲ. ಮಳೆ ಬಿದ್ದೊಡನೆ ಈ ಮಣ್ಣು ಅಂಟಾಗಿ ಬಂಡಿಯ ಗಾಲಿಗಳನ್ನು ಹಿಡಿದು ನಿಲ್ಲಿಸುತ್ತದೆ. ಹಳ್ಳಗಳು ತುಂಬಿ ಹಾದಿಗಳು ಕಡಿಯುತ್ತವೆ. ಕುಶೀಲವರು ಮಳೆಗಾಲದಲ್ಲಿ ಒಂದೆಡೆ ನೆಲಸಬೇಕೆಂಬ ಕೌಟಿಲ್ಯನ ನಿಯಮವನ್ನು ಇಲ್ಲಿ ಅರಸನು ವಿಧಿಸಬೇಕಾಗಿರಲಿಲ್ಲ, ನೆಲವೇ ವಿಧಿಸುತ್ತಿದ್ದಿತು. ಹಿಂಗಾರಿ ಜೋಳವು ಮಾಘದ ಹೊತ್ತಿಗೆ ಕೊಯ್ಲಿಗೆ ಬಂದು ಕಣವು ತುಂಬಿದ ಮೇಲೆ ಜಾತ್ರೆಗಳು ಸಾಲುಗಟ್ಟುತ್ತವೆ. ಗಾಣಗಾಪುರದಲ್ಲಿ ಮಾರ್ಗಶಿರದ ದತ್ತ ಜಯಂತಿಗೂ ಮಾಘ ಬಹುಳ ಪ್ರತಿಪದೆಗೂ ಜನರು ನೆರೆಯುತ್ತಾರೆ. ಜೇವರ್ಗಿ ಸೀಮೆಯ ಅರಳಗುಂಡಗಿಯಲ್ಲಿ ಹುಟ್ಟಿ ಕಲಬುರ್ಗಿಯಲ್ಲಿ ದಾಸೋಹವನ್ನು ನಡೆಸಿದ ಶರಣಬಸವೇಶ್ವರರ (೧೭೪೬–೧೮೨೨) ಜಾತ್ರೆಯು ಹೋಳಿಯ ತರುವಾಯದ ಐದನೆಯ ದಿನದಲ್ಲಿ ನಡೆಯುತ್ತದೆ. ಆಳಂದದ ಲಾಡ್ಲೆ ಮಶಾಯಕರ ಉರುಸು ಚಾಂದ್ರಮಾನದ ಹಿಜರಿ ಲೆಕ್ಕದಂತೆ ಬರುವುದರಿಂದ ಅದು ಎಲ್ಲಾ ಋತುಗಳನ್ನೂ ಸುತ್ತುತ್ತದೆ. ಮೇಳದ ಹಿರಿಯನಿಗೆ ಈ ಎರಡು ಬಗೆಯ ತಿಥಿಗಣನೆಯೂ ತಿಳಿದಿರಬೇಕಾಗಿದ್ದಿತು.

ಮಳೆಗಾಲದ ನಿಯಮಕ್ಕೆ ಅಪವಾದವಾಗಿದ್ದುದು ದಿಂಡಿ. ಆಷಾಢದ ಏಕಾದಶಿಗೆ ಪಂಢರಪುರವನ್ನು ಮುಟ್ಟುವ ವ್ರತವುಳ್ಳವರು ಮಳೆಯನ್ನು ಲೆಕ್ಕಿಸದೆ ತಾಳ ಮೃದಂಗಗಳೊಡನೆ ನಡೆಯುತ್ತಾರೆ. ಇವರಿಗೆ ಬಂಡಿಯ ಹಂಗಿಲ್ಲ. ಭಜನೆಯ ಮೇಳಕ್ಕೂ ಬಂಡಿಯು ಅನಿವಾರ್ಯವಲ್ಲ. ಹೆಗಲಿನ ಚೀಲದಲ್ಲಿ ಜೋಳದ ರೊಟ್ಟಿ, ಶೇಂಗಾದ ಹಿಂಡಿ ಇದ್ದರೆ ಒಂದು ದಿನದ ದಾರಿಗೆ ಸಾಕು. ಮುಂದಿನ ಊರಿನಲ್ಲಿ ಮಠವೋ ಗುಡಿಯ ಪಡಸಾಲೆಯೋ ಚಾವಡಿಯೋ ತಂಗುವ ಸ್ಥಳವಾಗುತ್ತಿದ್ದಿತು. ಮಠದ ದಾಸೋಹವು ಉಣ್ಣಲಿಕ್ಕುತ್ತಿದ್ದಿತು. ಊರವರು ಕಾಳುಕಡಿಯನ್ನು ನೀಡುತ್ತಿದ್ದರು. ನಾಟಕದ ಮಂಡಳಿಯ ಸ್ಥಿತಿಯು ಇದಕ್ಕಿಂತ ಬೇರೆ. ತೆರೆಗಳು, ವೇಷದ ಪೆಟ್ಟಿಗೆಗಳು, ಕಾಲುಪೇಟಿ, ಗ್ಯಾಸಬತ್ತಿಗಳು, ಮಕ್ಕಳುಮರಿ, ಅಡಿಗೆಯ ಪಾತ್ರೆಗಳು ಇವೆಲ್ಲವೂ ಅದರೊಡನೆ ನಡೆಯಬೇಕಾಗಿದ್ದಿತು. ೧೮೭೧ರಲ್ಲಿ ಮುಂಬಯಿಯ ರೈಲುದಾರಿಯು ಸೊಲ್ಲಾಪುರ, ಕಲಬುರ್ಗಿಗಳ ಮೇಲೆ ರಾಯಚೂರಿನ ವರೆಗೆ ಬಂದುದರಿಂದ ದೊಡ್ಡ ಮಂಡಳಿಗಳಿಗೆ ಅನುಕೂಲವಾಯಿತು. ಆದರೆ ಆ ದಾರಿಯು ಆಳಂದ, ಅಫಜಲಪುರ, ಜೇವರ್ಗಿ ಪಟ್ಟಣಗಳನ್ನು ಮುಟ್ಟಲಿಲ್ಲ. ಗಾಣಗಾಪುರ ರೋಡ್ ಎಂಬ ನಿಲ್ದಾಣದ ಹೆಸರೇ ಊರು ಅಲ್ಲಿಲ್ಲ, ಊರಿಗೆ ಹೋಗುವ ದಾರಿ ಮಾತ್ರ ಅಲ್ಲಿದೆ ಎಂದು ಹೇಳುತ್ತದೆ. ನಿಲ್ದಾಣದಿಂದ ಮುಂದಕ್ಕೆ ಎತ್ತಿನ ಬಂಡಿಯೇ ಗತಿಯಾಗಿದ್ದಿತು. ಇದರಿಂದ ಒಂದು ಪರಿಣಾಮವುಂಟಾಯಿತು: ಭಾರವುಳ್ಳ ಮಂಡಳಿಗಳು ರೈಲಿನ ಅಂಚಿನ ಪಟ್ಟಣಗಳಲ್ಲಿಯೂ ದೊಡ್ಡ ಜಾತ್ರೆಗಳಲ್ಲಿಯೂ ಬಹುದಿನ ಮುಕ್ಕಾಂ ಮಾಡಿದರೆ, ಹಗುರವಾದ ಭಜನೆ, ಗೀಗೀ ಮೇಳಗಳು ಒಳನಾಡಿನ ಹಳ್ಳಿಗಳನ್ನೆಲ್ಲಾ ಮುಟ್ಟಿದವು. ನಾಟಕದ ಹಾಡು ಪಟ್ಟಣದಿಂದ ಹಳ್ಳಿಗೆ ಇಳಿದುದು ಭಜನೆಯವರ ಕಂಠದ ಮೂಲಕವೇ ಆಗಿದೆ. ಭಜನೆಯಲ್ಲಿ ಪೇಟಿ ತಬಲಗಳೂ ನಾಟಕದ ಧಾಟಿಗಳೂ ಬಂದು ಸೇರಿದುದಕ್ಕೆ ಇದೇ ಕಾರಣವೆಂದು ಊಹಿಸಬಹುದು.

ಸುಂಕದ ವಿಷಯವನ್ನೂ ಹೇಳಬೇಕು. ೧೯೪೮ರ ಸೆಪ್ಟೆಂಬರ್ ೧೭ರ ವರೆಗೆ ಈ ಮೂರು ತಾಲ್ಲೂಕುಗಳೂ ಹೈದರಾಬಾದು ಸಂಸ್ಥಾನಕ್ಕೆ ಸೇರಿದ್ದವು. ಅಫಜಲಪುರದ ದಕ್ಷಿಣಕ್ಕೆ ಭೀಮೆಯನ್ನು ದಾಟಿದರೆ ಇಂಡಿ, ಸಿಂದಗಿ. ಅವು ಮುಂಬಯಿ ಪ್ರಾಂತದ ವಿಜಾಪುರ ಜಿಲ್ಲೆಗೆ ಸೇರಿದ ಬ್ರಿಟಿಷರ ನೆಲ. ಒಂದೇ ಹೊಳೆ, ಒಂದೇ ಭಾಷೆ, ಒಂದೇ ಹಾಡು. ಆದರೆ ನಾಣ್ಯ ಎರಡು. ಆಚೆಯ ದಡದಲ್ಲಿ ಕಲ್ದಾರ ರೂಪಾಯಿ, ಈಚೆಯ ದಡದಲ್ಲಿ ಹಾಲಿ ಸಿಕ್ಕಾ. ಸುಮಾರಾಗಿ ಏಳು ಹಾಲಿ ರೂಪಾಯಿಗಳಿಗೆ ಆರು ಕಲ್ದಾರ ರೂಪಾಯಿಗಳ ಬೆಲೆ. ಸಂಸ್ಥಾನದ ಗಡಿಯಲ್ಲಿ ಕರೋಡಗಿರಿಯೆಂಬ ಸುಂಕದ ಇಲಾಖೆಯಿದ್ದಿತು. ವರ್ಷಗಣನೆಯು ಫಸಲಿ. ೧೮೮೪ರಿಂದ ಕಚೇರಿಯ ಭಾಷೆಯು ಉರ್ದು. ಹೀಗೆ ಹೊಳೆಯನ್ನು ದಾಟಿದ ಮೇಳವು ಹಾಡನ್ನು ಬದಲಿಸದಿದ್ದರೂ ಲೆಕ್ಕವನ್ನೂ ಅರ್ಜಿಯನ್ನೂ ಬದಲಿಸಬೇಕಾಗಿದ್ದಿತು. ಪರಸ್ಥಳದ ಮೇಳದಿಂದ ಐದು ಪಣಗಳನ್ನು ಎತ್ತಿದ ಅಧ್ಯಕ್ಷನು ಹೆಸರನ್ನು ಮಾತ್ರ ಬದಲಿಸಿಕೊಂಡಿದ್ದನು.

೫

ಈ ಹಿನ್ನೆಲೆಯಲ್ಲಿ ಮೇಳವು ಮಾಡಿದ ಕಾರ್ಯದ ಬೆಲೆಯನ್ನು ಕಟ್ಟಬೇಕು. ಆಡಳಿತದಲ್ಲಿಯೂ ಮೇಲ್ತರಗತಿಯ ಶಿಕ್ಷಣದಲ್ಲಿಯೂ ಕನ್ನಡಕ್ಕೆ ಸ್ಥಾನವಿಲ್ಲದಿದ್ದ ನೆಲದಲ್ಲಿ, ಅಕ್ಷರವನ್ನು ಕಾಣದ ಒಕ್ಕಲಿಗನು ಷಟ್‌ಸ್ಥಲ, ಪಂಚಭೂತ, ನವದ್ವಾರ, ಇಡಾಪಿಂಗಳೆಗಳೆಂಬ ಶಾಸ್ತ್ರದ ಪರಿಭಾಷೆಯನ್ನು ತನ್ನ ಮಾತಿನಲ್ಲಿ ಬಳಸುತ್ತಿದ್ದುದು ಹೇಗೆ? ಸಂಸ್ಕೃತ ಪಾಠಶಾಲೆಯಲ್ಲಿ ಹನ್ನೆರಡು ವರ್ಷ ಕುಳಿತವನು ಕಲಿಯುವ ಸಾಂಖ್ಯದ ತತ್ತ್ವಗಣನೆಯನ್ನು ಭಜನೆಯ ಒಂದು ಪದವು ಹೊಲ, ಎತ್ತು, ಕೂರಿಗೆಗಳ ರೂಪಕದಲ್ಲಿ ಅವನ ಮುಂದಿಡುತ್ತಿದ್ದಿತು. ಪಂಡಿತರಲ್ಲಿ ಕೆಲವರು ಇದನ್ನು ಅಪಭ್ರಂಶವೆಂದು ಕಡೆಗಣಿಸಿದರು. ಆದರೆ ಶಾಸ್ತ್ರವು ಪಾಠಶಾಲೆಯ ಹೊಸ್ತಿಲನ್ನು ದಾಟಿ ಹೊಲಕ್ಕೆ ಹೋದುದು ಈ ಅಪಭ್ರಂಶದ ಹೆಗಲ ಮೇಲೆಯೇ ಎಂಬುದನ್ನು ಒಪ್ಪಬೇಕಾಗಿದೆ. ಅದಕ್ಕಾಗಿ ಯಾರೂ ಪ್ರವೇಶದ ಅಧಿಕಾರವನ್ನು ಕೇಳಲಿಲ್ಲ. ಜಲಾಲಸಾಹೇಬರು ಗುರುವಿನ ಮೇಳದಲ್ಲಿ ಕುಳಿತು ಅದೇ ತತ್ತ್ವವನ್ನು ಹಾಡಿದರು.

ಸಂಗೀತದ ವಿಷಯದಲ್ಲಿಯೂ ದಾರಿಯು ಶಾಲೆಯಾದುದಕ್ಕೆ ಉತ್ತರ ಕರ್ನಾಟಕದಲ್ಲಿ ಸ್ಪಷ್ಟವಾದ ನಿದರ್ಶನಗಳಿವೆ. ೧೯೧೦ರಲ್ಲಿ ಧಾರವಾಡದ ಬಳಿಯ ಮನಸೂರಿನಲ್ಲಿ ಹುಟ್ಟಿದ ಮಲ್ಲಿಕಾರ್ಜುನ ಮನಸೂರರು ಬಾಲ್ಯದಲ್ಲಿಯೇ ಸಂಚಾರಿ ನಾಟಕ ಮಂಡಳಿಯನ್ನು ಸೇರಿದರು. ಅಲ್ಲಿಯ ಹಾಡುಗಾರಿಕೆಯೇ ಅವರಿಗೆ ಮೊದಲು ಅಪ್ಪಯ್ಯಸ್ವಾಮಿಗಳನ್ನೂ ತರುವಾಯ ಮಿರಜಿನ ನೀಲಕಂಠ ಬುವಾ ಅವರನ್ನೂ ಗುರುಗಳನ್ನಾಗಿ ದೊರಕಿಸಿಕೊಟ್ಟಿತು. ಬಸವರಾಜ ರಾಜಗುರುಗಳು (೧೯೨೦–೧೯೯೧) ಹುಡುಗರಾಗಿದ್ದಾಗ ವಾಮನರಾವ್ ಮಾಸ್ತರರ ಮಂಡಳಿಯೊಡನೆ ತಿರುಗಿದರು. ಆಮೇಲೆ ಪಂಚಾಕ್ಷರಿ ಗವಾಯಿಗಳ ಶಿಷ್ಯರಾದರು. ೧೯೩೬ರಲ್ಲಿ ಹಂಪೆಯಲ್ಲಿ ನಡೆದ ವಿಜಯನಗರದ ಆರುನೂರನೆಯ ವರ್ಷದ ಉತ್ಸವದಲ್ಲಿ ಹಾಡಿದಾಗ ಗುರುಗಳೇ ಶಿಷ್ಯನಿಗೆ ತಬಲವನ್ನು ನುಡಿಸಿದರು.

ಎಲ್ಲಕ್ಕೂ ಮಿಗಿಲಾದ ನಿದರ್ಶನವು ಪಂಚಾಕ್ಷರಿ ಗವಾಯಿಗಳದೇ (೧೮೯೨–೧೯೪೪). ಹುಟ್ಟುಗುರುಡರಾದ ಅವರು ಹಾನಗಲ್ಲ ಕುಮಾರಸ್ವಾಮಿಗಳ ಆಶ್ರಯದಲ್ಲಿ ಸಂಗೀತವನ್ನು ಕಲಿತು, ಅಂಧ ಬಾಲಕರನ್ನೂ ಬಡ ಬಾಲಕರನ್ನೂ ಕೂಡಿಸಿಕೊಂಡು ಸಂಚಾರಿ ಸಂಗೀತ ಪಾಠಶಾಲೆಯೊಂದನ್ನು ನಡೆಸಿದರು. ಊರಿನಿಂದ ಊರಿಗೆ ಶಾಲೆಯೇ ನಡೆಯುತ್ತಿದ್ದಿತು. ಮುಕ್ಕಾಮಿನಲ್ಲಿ ಪಾಠ, ಸಂಜೆಗೆ ಕೀರ್ತನ ಅಥವಾ ಗಾಯನ, ಅದರಿಂದ ಬಂದ ಕಾಣಿಕೆಯಲ್ಲಿ ಮರುದಿನದ ಅನ್ನ. ಗದಗಿನ ವೀರೇಶ್ವರ ಪುಣ್ಯಾಶ್ರಮವು ನೆಲೆಗೊಂಡುದು ಇಂತಹ ದೀರ್ಘ ಸಂಚಾರದ ಬಳಿಕ. ಅವರ ತರುವಾಯ ಪುಟ್ಟರಾಜ ಗವಾಯಿಗಳು (೧೯೧೪–೨೦೧೦) ಆ ಪರಂಪರೆಯನ್ನು ಮುಂದುವರಿಸಿದರು. ಓದಲು ಕಣ್ಣಿಲ್ಲದ ಶಿಷ್ಯನಿಗೆ ಕಿವಿಯೇ ಗ್ರಂಥ. ಅವನ ಪಾಠವು ನಿಂತ ಕಡೆಯಲ್ಲಿಯೇ ಆಗಬ���ಕೆಂಬ ನಿಯಮವಿಲ್ಲ. ಗುರುವಿನ ಧ್ವನಿ ಕೇಳುವಷ್ಟು ಸಮೀಪದಲ್ಲಿದ್ದರೆ ಸಾಕು. ವೇದಾಧ್ಯಯನವು ಶ್ರುತಿಯೆನಿಸಿದುದೂ ಇದೇ ಕಾರಣದಿಂದಲ್ಲವೆ?

೬

ಇನ್ನು ಲೇಖನದ ಮುಖ್ಯಪ್ರಶ್ನೆಗೆ ಬರಬೇಕು: ಸಂಚಾರದಿಂದ ಹಾಡಿನ ಪಾಠವು ಕೆಟ್ಟಿತೆ, ಉಳಿಯಿತೆ?

ಪಾಠಾಂತರಗಳು ಹೇರಳವಾಗಿವೆ ಎಂಬುದನ್ನು ಯಾರೂ ಅಲ್ಲಗಳೆಯಲಾರರು. ಒಂದೇ ತತ್ತ್ವಪದಕ್ಕೆ ಒಂದೂರಿನಲ್ಲಿ ನಾಲ್ಕು ನುಡಿಗಳಿದ್ದರೆ ಇನ್ನೊಂದೂರಿನಲ್ಲಿ ಐದಿರುತ್ತವೆ. ಒಬ್ಬನ ಅಂಕಿತವು ಇನ್ನೊಬ್ಬನ ಪದಕ್ಕೆ ಅಂಟಿಕೊಳ್ಳುತ್ತದೆ. ಆದರೆ ಈ ಭೇದಗಳೆಲ್ಲವೂ ಒಂದೇ ಜಾತಿಯವಲ್ಲ. ಅವುಗಳನ್ನು ಮೂರಾಗಿ ವಿಂಗಡಿಸಬೇಕು. ಕೇಳುವಾಗ ಕಿವಿ ತಪ್ಪಿದುದರಿಂದ ಬಂದವು ಕೆಲವು. ಇವು ನಿಜವಾದ ದೋಷಗಳು. ಒಂದೂರಿನ ಮಾತು ಇನ್ನೊಂದೂರಿನಲ್ಲಿ ತಿಳಿಯದಿರುವುದರಿಂದ ಹಾಡುವವನು ತಿಳಿದೇ ಬದಲಿಸಿದವು ಕೆಲವು, ಇವು ಅನುವಾದಗಳು. ಎದುರಾಳಿ ಮೇಳದ ಸವಾಲಿಗೆ ಜವಾಬಾಗಿ ಆ ರಾತ್ರಿಯೇ ಹೊಸೆದು ಸೇರಿಸಿದವು ಮತ್ತೆ ಕೆಲವು; ಇವು ವ್ಯಾಖ್ಯಾನಗಳು. ಓಲೆಯನ್ನು ನಕಲು ಮಾಡುವ ಲಿಪಿಕಾರನಲ್ಲಿ ಮೊದಲನೆಯದೇ ಹೆಚ್ಚು. ದಾರಿಯ ಗಾಯಕನಲ್ಲಿ ಎರಡನೆಯದೂ ಮೂರನೆಯದೂ ಹೆಚ್ಚು. ಒಂದಕ್ಕೆ ಹೇಳಿದ ಪರಿಷ್ಕರಣದ ನಿಯಮವನ್ನು ಇನ್ನೊಂದಕ್ಕೆ ಹಾಗೆಯೇ ಹಚ್ಚಿದರೆ ವ್ಯಾಖ್ಯಾನವನ್ನು ದೋಷವೆಂದು ಕಿತ್ತೆಸೆದಂತಾಗುವುದು.

ಸಾಲದುದಕ್ಕೆ, ದಾರಿಯು ಪಾಠವನ್ನು ಕಾಯುವ ಉಪಾಯವನ್ನೂ ಕಲ್ಪಿಸಿತು. ಪಲ್ಲವಿಯನ್ನು ಹಿಮ್ಮೇಳವು ಪ್ರತಿ ನುಡಿಗೂ ಎತ್ತಿಕೊಡುವುದರಿಂದ ಮುಂದಾಳು ಮರೆತರೂ ಹಿಂದಿನವರು ತಿದ್ದುತ್ತಾರೆ. ಕೊನೆಯ ನುಡಿಯಲ್ಲಿ ಅಂಕಿತವಿರುವುದರಿಂದ ಕರ್ತೃವಿನ ನೆನಪು ಉಳಿಯುತ್ತದೆ. ಮಡಿವಾಳಪ್ಪನವರ ಪದಗಳ ಅಂಕಿತದಲ್ಲಿ ಗುರುವಾದ ಮಹಾಂತನ ಹೆಸರಿರುವುದರಿಂದ ಕವಿಯೊಡನೆ ಗುರುಪರಂಪರೆಯೂ ಉಳಿದಿದೆ. ಜಾತ್ರೆಯಲ್ಲಿ ಹತ್ತು ಊರಿನ ಮೇಳಗಳು ಕೂಡಿದಾಗ ಒಂದೇ ಪದವನ್ನು ಹತ್ತು ಕಂಠಗಳು ಹಾಡುತ್ತವೆ. ಅಲ್ಲಿ ತಪ್ಪಿದವನನ್ನು ಎದುರಿಗೇ ತಡೆದು ಕೇಳುವವರಿರುತ್ತಾರೆ. ವೈದಿಕರ ಘನಪಾಠವು ಪದಕ್ರಮವನ್ನು ಹೇಗೆ ಕಾಯುತ್ತದೆಯೋ ಹಾಗೆ ಜಾತ್ರೆಯ ಈ ಸಮ್ಮೇಳವು ಪದದ ತಿರುಳನ್ನು ಕಾಯಿತು. ಒಂದೇ ಊರಿನಲ್ಲಿ ಒಬ್ಬನೇ ಬಲ್ಲ ಹಾಡು ಅವನೊಡನೆ ಮಣ್ಣುಗೂಡುತ್ತದೆ. ಹತ್ತು ಊರನ್ನು ಸುತ್ತಿದ ಹಾಡು ಒಂಬತ್ತು ಊರುಗಳಲ್ಲಿ ಮರೆತರೂ ಹತ್ತನೆಯ ಊರಿನಲ್ಲಿ ಸಿಕ್ಕುತ್ತದೆ.

ಹೀಗೆ ಸಿಕ್ಕಿದುದರಿಂದಲೇ ಕನ್ನಡದ ಹಲವು ಸಂಗ್ರಹಗಳು ಸಾಧ್ಯವಾದವು. ಶಾಸನತಜ್ಞರಾದ ಜೆ. ಎಫ್. ಫ್ಲೀಟರು ೧೮೮೫ರಿಂದ ಇಂಡಿಯನ್ ಆಂಟಿಕ್ವರಿಯಲ್ಲಿ ಕನ್ನಡ ಲಾವಣಿಗಳನ್ನು ಪ್ರಕಟಿಸಿದರು. ೧೮೫೭ರ ಹಲಗಲಿಯ ಬೇಡರ ದಂಗೆಯನ್ನು ಕುರಿತ ಕುರ್ತಕೋಟಿ ಕಲ್ಮೇಶನ ಲಾವಣಿಯು ಅವುಗಳಲ್ಲಿ ಒಂದು. ಯಾವ ಸರಕಾರವು ಆ ದಂಗೆಯನ್ನು ಅಡಗಿಸಿತೋ ಅದರ ಅಧಿಕಾರಿಯೇ ಅದರ ಹಾಡನ್ನು ಬರೆದುಕೊಳ್ಳುವಂತಾದುದು ಹಾಡುವವರ ಸಂಚಾರವು ನಿಲ್ಲದಿದ್ದುದರಿಂದ. ಹಲಸಂಗಿಯ ಗೆಳೆಯರು ೧೯೩೧ರಲ್ಲಿ ಗರತಿಯ ಹಾಡನ್ನೂ ೧೯೩೩ರಲ್ಲಿ ಜೀವನಸಂಗೀತವೆಂಬ ಲಾವಣಿಗಳ ಸಂಗ್ರಹವನ್ನೂ ಹೊರತಂದರು. ಮಧುರಚೆನ್ನ, ಸಿಂಪಿ ಲಿಂಗಣ್ಣ, ಧೂಲಾಸಾಹೇಬ, ಕಾಪಸೆ ರೇವಪ್ಪ ಎಂಬ ಆ ಗೆಳೆಯರ ಹೆಸರುಗಳ ಕೂಟವೇ ಒಂದು ಮೇಳದಂತಿದೆ. ಉತ್ತಂಗಿ ಚನ್ನಪ್ಪನವರು ಓಲೆಯ ಪ್ರತಿಗಳೊಡನೆ ಜನರ ಬಾಯಲ್ಲಿದ್ದುದನ್ನೂ ಅರಸಿ ೧೯೨೪ರಲ್ಲಿ ಸರ್ವಜ್ಞನ ವಚನಗಳನ್ನು ಪ್ರಕಟಿಸಿದರು. ಅವರೇ ೧೯೪೯ರಲ್ಲಿ ಕಲಬುರ್ಗಿಯ ಸಾಹಿತ್ಯ ಸಮ್ಮೇಳನಕ್ಕೆ ಅಧ್ಯಕ್ಷರಾದುದು ಉಚಿತವಾಗಿಯೇ ಇದ್ದಿತು. ಈಚೆಗೆ ರಾಷ್ಟ್ರೀಯ ಸಂತಕವಿ ಕನಕದಾಸ ಅಧ್ಯಯನ ಮತ್ತು ಸಂಶೋಧನಾ ಕೇಂದ್ರವು ತತ್ತ್ವಪದಗಳನ್ನು ಸಂಪುಟಗಳಾಗಿ ಹೊರತಂದಿರುವುದರಿಂದ ಪಾಠಗಳನ್ನು ಹೋಲಿಸುವ ಕೆಲಸವು ಸುಲಭವಾಗಿದೆ.

ಭಾಷೆಗಳ ಗಡಿಯೂ ಈ ದಾರಿಯಲ್ಲಿ ಮೆತ್ತಗಾಗಿದ್ದಿತು. ಗಾಣಗಾಪುರದ ನರಸಿಂಹಸರಸ್ವತಿಗಳ ಮಹಿಮೆಯನ್ನು ಹೇಳುವ ಗುರುಚರಿತ್ರೆಯು ಮರಾಠಿಯ ಗ್ರಂಥ. ಅದರ ಕರ್ತೃವಾದ ಸರಸ್ವತೀ ಗಂಗಾಧರನು ಆಳಂದ ತಾಲ್ಲೂಕಿನ ಕಡಗಂಚಿಯವನೆಂದು ಪರಂಪರೆಯು ಹೇಳುತ್ತದೆ. ಮರಾಠಿಯು ತನಗೆ ಸರಿಯಾಗಿ ಬಾರದೆಂದು ಅವನು ವಿನಯದಿಂದ ಹೇಳಿಕೊಂಡಿದ್ದಾನೆ. ಆ ಮರಾಠಿ ಗ್ರಂಥದೊಳಗೆ ಕನ್ನಡದ ಪದಗಳೂ ಸೇರಿವೆ. ಹಾಡಿನ ಮೂಲಕ ಬಂದ ಭಾಷೆಯನ್ನು ಗ್ರಂಥವು ಹೊರಗಿಡಲಿಲ್ಲ. ಅದೇ ಕಡಗಂಚಿಯಲ್ಲಿ ೨೦೦೯ರಲ್ಲಿ ಸ್ಥಾಪಿತವಾದ ಕರ್ನಾಟಕ ಕೇಂದ್ರೀಯ ವಿಶ್ವವಿದ್ಯಾಲಯವು ಇಂದು ನೆಲಸಿದೆ. ಈ ಸೀಮೆಯ ಕಂಠಸ್ಥ ವಾಙ್ಮಯದ ಶೋಧಕ್ಕೆ ಇದಕ್ಕಿಂತ ಸಮೀಪವಾದ ಪೀಠವು ಬೇರೊಂದಿರಲಾರದು.

೭

ದಾರಿಯ ಬಾಳನ್ನು ಹೊಗಳಿ ಅದರ ಕಷ್ಟವನ್ನು ಮರೆಯಬಾರದು. ಮಳೆ ಹೋದ ವರ್ಷದಲ್ಲಿ ಕಣವು ಬರಿದಾದರೆ ಮೇಳದ ಜೋಳಿಗೆಯೂ ಬರಿದಾಗುತ್ತಿದ್ದಿತು. ಮಂಡಳಿಯೊಡನೆ ತಿರುಗುವ ಮಕ್ಕಳಿಗೆ ಹಾಡು ಬಂದರೂ ಅಕ್ಷರವು ಬಾರದೆ ಹೋಗುತ್ತಿದ್ದಿತು. ರಂಗದ ಮೇಲೆ ಅರಸಿಯಾದ ಹೆಂಗಸನ್ನು ಊರಿನಲ್ಲಿ ಗೌರವದಿಂದ ಕಾಣದವರೂ ಇದ್ದರು. ಸಂಚಾರದಲ್ಲಿ ಕಳೆದುಹೋದ ಹಾಡುಗಳೂ ಅನೇಕವಿರಬೇಕು. ಈ ನಷ್ಟವನ್ನು ಒಪ್ಪಿಯೂ ಹೇಳಬೇಕಾದುದೇನೆಂದರೆ, ಅರಸರ ಆಶ್ರಯವೂ ಶಾಲೆಯ ಬೆಂಬಲವೂ ಇಲ್ಲದ ಕಾಲದಲ್ಲಿ ಕನ್ನಡದ ಒಂದು ದೊಡ್ಡ ಭಾಗವನ್ನು ೧೯೫೬ರ ನವೆಂಬರ್ ೧ರ ಏಕೀಕರಣದ ವರೆಗೆ ತಲಪಿಸಿದವರು ಈ ಅಲೆಮಾರಿಗಳೇ ಆಗಿದ್ದಾರೆ. ಆ ದಿನ ಕರ್ನಾಟಕದ ನೆಲಗಳು ಒಂದು ಆಡಳಿತದಲ್ಲಿ ಕೂಡಿದವು. ಭೀಮೆಯ ಎರಡು ದಡಗಳ ಹಾಡುಗಳು ಅದಕ್ಕೆ ಬಹು ಮೊದಲೇ ಕೂಡಿದ್ದವು.

ಇದರಿಂದ ಪರಿಷ್ಕರಣಕಾರರಿಗೂ ಅಧ್ಯಾಪಕರಿಗೂ ಎರಡು ಕರ್ತವ್ಯಗಳು ಒದಗುತ್ತವೆ. ತತ್ತ್ವಪದ, ಲಾವಣಿ, ರಿವಾಯತಗಳನ್ನು ಅಚ್ಚುಮಾಡುವಾಗ ಕವಿಯ ಹೆಸರಿನೊಡನೆ ಹಾಡಿದವರ ಊರು, ಸಂದರ್ಭ, ಧಾಟಿ, ತಾಳ ಇವುಗಳನ್ನೂ ನಮೂದಿಸಬೇಕು. ಪಾಠಾಂತರವನ್ನು ಅಡಿಯಲ್ಲಿ ತಳ್ಳುವ ಮೊದಲು ಅದು ದೋಷವೋ ಅನುವಾದವೋ ವ್ಯಾಖ್ಯಾನವೋ ಎಂದು ವಿಚಾರಿಸಬೇಕು. ತರಗತಿಯಲ್ಲಿ ಪಾಠ ಹೇಳುವಾಗ ಆ ಪದವನ್ನು ಬಲ್ಲವನೊಬ್ಬನನ್ನು ಕರೆಯಿಸಿ ಒಮ್ಮೆಯಾದರೂ ಹಾಡಿಸಬೇಕು. ಆಳಂದ, ಅಫಜಲಪುರ, ಜೇವರ್ಗಿಗಳ ಹಳ್ಳಿಗಳಲ್ಲಿ ಅಂತಹವರು ಇನ್ನೂ ಇದ್ದಾರೆ. ಹಿಂಗಾರಿಯ ಸುಗ್ಗಿ ಮುಗಿದು ಜಾತ್ರೆಗಳು ತೊಡಗುವ ಕಾಲವು ಈ ಕೆಲಸಕ್ಕೆ ಅನುಕೂಲವಾದುದು.